ಕಾಲವಿದ್ಯೆಗೆ ಮೀಸಲಾದ ಕಾಲ್ಪನಿಕ ವಿಶ್ವವಿದ್ಯಾಲಯ: ಕಾದಂಬರಿಯಲ್ಲಿ ಯಾವ ನಿಯಮಗಳಿರಬೇಕು?

ಪ್ರಶ್ನೆ

ನಾನು ಬರೆಯುತ್ತಿರುವ ವೈಜ್ಞಾನಿಕ ಕಾದಂಬರಿಯ ಕೇಂದ್ರದಲ್ಲಿ ಕಾಲದ ಗತಿಯನ್ನು ಬದಲಿಸುವ ವಿದ್ಯೆಗೇ ಮೀಸಲಾದ ಒಂದು ವಿಶ್ವವಿದ್ಯಾಲಯವಿದೆ. ಅದರ ಒಂದು ಆವರಣ ಮುಳ್ಳಯ್ಯನಗಿರಿಯ ನೆತ್ತಿಯಲ್ಲಿಯೂ ಇನ್ನೊಂದು ಮಂಗಳೂರಿನ ಕಡಲತೀರದಲ್ಲಿಯೂ ಇವೆ. ಕಥೆಯಲ್ಲಿ ಅದು ಸ್ಥಾಪನೆಯಾಗುವುದು 2030ರಲ್ಲಿ. ಇತಿಹಾಸ ವಿಭಾಗದ ವಿದ್ಯಾರ್ಥಿಗಳು 1565ಕ್ಕೆ ಹೋಗಿ ತಾಳಿಕೋಟೆಯ ಕದನವನ್ನು ಕಣ್ಣಾರೆ ಕಂಡು ಬರುವುದು ಮುಖ್ಯ ಪ್ರಸಂಗ. ಮಂತ್ರದಂಡ ಬೀಸಿದ ಹಾಗೆ ಎಲ್ಲವೂ ನಡೆದುಬಿಡುವ ಕಥೆ ನನಗೆ ಬೇಡ. ಭೌತಶಾಸ್ತ್ರ ಎಲ್ಲಿಯವರೆಗೆ ಜೊತೆಗೆ ಬರುತ್ತದೆ, ಎಲ್ಲಿ ಕೈಬಿಡುತ್ತದೆ ಎಂಬುದನ್ನು ಬಲ್ಲವರು ತಿಳಿಸಿಕೊಡಬೇಕೆಂದು ಕೋರುತ್ತೇನೆ.

ಮೊದಲ ಉತ್ತರ

ನೀವು ಆರಿಸಿಕೊಂಡಿರುವ ಎರಡು ಆವರಣಗಳೇ ಒಂದು ಒಳ್ಳೆಯ ಪ್ರಯೋಗವಾಗುತ್ತವೆ. ಗುರುತ್ವ ಬಲವಾಗಿರುವ ಕಡೆ ಗಡಿಯಾರ ನಿಧಾನವಾಗಿ ನಡೆಯುತ್ತದೆ. ಮುಳ್ಳಯ್ಯನಗಿರಿಯ ಎತ್ತರ ಸುಮಾರು 1,930 ಮೀಟರ್ ಆಗಿರುವುದರಿಂದ, ಅಲ್ಲಿನ ಪರಮಾಣು ಗಡಿಯಾರ ಮಂಗಳೂರಿನದಕ್ಕಿಂತ ದಿನಕ್ಕೆ ಸುಮಾರು 18 ನ್ಯಾನೊಸೆಕೆಂಡ್ (ಒಂದು ನ್ಯಾನೊಸೆಕೆಂಡ್ ಎಂದರೆ ಸೆಕೆಂಡಿನ ನೂರು ಕೋಟಿಯಲ್ಲೊಂದು ಭಾಗ) ಮುಂದೆ ಓಡುತ್ತದೆ. ಅರವತ್ತು ವರ್ಷ ಬೆಟ್ಟದ ಮೇಲೆಯೇ ಇದ್ದವರಿಗೂ ಇದರಿಂದಾಗುವ ವ್ಯತ್ಯಾಸ ಅರ್ಧ ಮಿಲಿಸೆಕೆಂಡಿಗಿಂತ ಕಡಿಮೆ. ಮನುಷ್ಯನ ಅರಿವಿಗೆ ಇದು ಏನೂ ಅಲ್ಲ, ಗಡಿಯಾರಕ್ಕೆ ಮಾತ್ರ ಸ್ಪಷ್ಟವಾಗಿ ಕಾಣುತ್ತದೆ.

ಎತ್ತರದ ಹಾಗೆ ವೇಗವೂ ಗಡಿಯಾರದ ಗತಿಯನ್ನು ಬದಲಿಸುತ್ತದೆ, ವೇಗವಾಗಿ ಚಲಿಸುವ ಗಡಿಯಾರ ನಿಧಾನವಾಗುತ್ತದೆ. 1971ರಲ್ಲಿ ವಿಜ್ಞಾನಿಗಳಾದ ಹಾಫೆಲೆ ಮತ್ತು ಕೀಟಿಂಗ್ ಸೀಸಿಯಂ ಗಡಿಯಾರಗಳನ್ನು ಸಾಮಾನ್ಯ ಪ್ರಯಾಣಿಕ ವಿಮಾನಗಳಲ್ಲಿ ಇಟ್ಟುಕೊಂಡು ಭೂಮಿಯನ್ನು ಸುತ್ತಿ ಬಂದಾಗ, ಪೂರ್ವಕ್ಕೆ ಹೋದವು ಸುಮಾರು 59 ನ್ಯಾನೊಸೆಕೆಂಡ್ ಹಿಂದೆ ಬಿದ್ದಿದ್ದವು, ಪಶ್ಚಿಮಕ್ಕೆ ಹೋದವು ಸುಮಾರು 273 ನ್ಯಾನೊಸೆಕೆಂಡ್ ಮುಂದಿದ್ದವು. ಜಿಪಿಎಸ್ ಉಪಗ್ರಹಗಳ ಗಡಿಯಾರಗಳು ದಿನಕ್ಕೆ ಸುಮಾರು 38 ಮೈಕ್ರೊಸೆಕೆಂಡ್ ಮುಂದೆ ಹೋಗುವುದನ್ನು ಲೆಕ್ಕಕ್ಕೆ ತೆಗೆದುಕೊಳ್ಳದಿದ್ದರೆ ಆ ವ್ಯವಸ್ಥೆಯೇ ಕೆಲಸ ಮಾಡುವುದಿಲ್ಲ. ಜಿಪಿಎಸ್‌ನಂಥದೇ ಆದ ನಮ್ಮ ದೇಶದ ನಾವಿಕ್ ಉಪಗ್ರಹ ವ್ಯವಸ್ಥೆಯ ಸಮಯವನ್ನು ಕಾಯುವ ಪರಮಾಣು ಗಡಿಯಾರಗಳು ಇರುವುದು ಬೆಂಗಳೂರಿನ ಸಮೀಪದ ಬ್ಯಾಲಾಳಿನಲ್ಲಿ. ನಿಮ್ಮ ವಿಶ್ವವಿದ್ಯಾಲಯದ ಮೊದಲ ವರ್ಷದ ಪ್ರಯೋಗಾಲಯವನ್ನು ಬರೆಯುವ ಮೊದಲು ಅಂಥ ಕೇಂದ್ರಗಳ ಕೆಲಸದ ಬಗೆಯನ್ನು ಓದಿಕೊಳ್ಳಿ. ಕಾಲವನ್ನು ಬಗ್ಗಿಸಲು ಹೊರಟವರು ಮೊದಲು ಅದನ್ನು ನಿಖರವಾಗಿ ಅಳೆಯಲು ಕಲಿತಿರಬೇಕಾಗುತ್ತದೆ.

ಭವಿಷ್ಯದ ಕಡೆಗೆ ಬೇಗ ಸಾಗುವುದಕ್ಕೆ ತತ್ತ್ವದ ಅಡ್ಡಿಯಿಲ್ಲ, ಇರುವುದು ಶಕ್ತಿಯ ಅಡ್ಡಿ ಮಾತ್ರ. ಬೆಳಕಿನ ವೇಗದ ಶೇ. 99.5ರಷ್ಟು ವೇಗದಲ್ಲಿ ಒಂದು ವರ್ಷ ಸುತ್ತಾಡಿ ಬಂದವರಿಗೆ ಊರಿನಲ್ಲಿ ಹತ್ತು ವರ್ಷ ಕಳೆದಿರುತ್ತದೆ.

ಎರಡನೆಯ ಉತ್ತರ

ಹಿಂದಕ್ಕೆ ಹೋಗುವ ಭಾಗವನ್ನು ಕುರಿತು ಬರೆಯುತ್ತೇನೆ, ಏಕೆಂದರೆ ನಿಮ್ಮ ಮುಖ್ಯ ಪ್ರಸಂಗಕ್ಕೆ ತೊಡಕಾಗುವುದು ಅಲ್ಲಿಯೇ. ಐನ್‌ಸ್ಟೈನ್ ಸಮೀಕರಣಗಳು ಭೂತಕಾಲದ ದಾರಿಯನ್ನು ಪೂರ್ತಿ ಮುಚ್ಚಿಲ್ಲ ಎಂಬುದನ್ನು ತರ್ಕಶಾಸ್ತ್ರಜ್ಞ ಗೋಡೆಲ್ 1949ರಲ್ಲಿಯೇ ತೋರಿಸಿದರು. 1988ರಲ್ಲಿ ಭೌತವಿಜ್ಞಾನಿಗಳಾದ ಮಾರಿಸ್, ಥಾರ್ನ್ ಮತ್ತು ಯುರ್ಟ್‌ಸೆವರ್ ವರ್ಮ್‌ಹೋಲಿನಿಂದ, ಅಂದರೆ ದೂರದ ಎರಡು ತಾಣಗಳನ್ನು ಒಳದಾರಿಯಾಗಿ ಜೋಡಿಸುವ ಊಹೆಯ ಸುರಂಗದಿಂದ, ಕಾಲಯಂತ್ರ ಮಾಡುವ ಬಗೆಯನ್ನು ವಿವರಿಸಿದರು. ಅದನ್ನು ನಿಮ್ಮ ಕಥೆಗೆ ಹೀಗೆ ಹೊಂದಿಸಬಹುದು. ವರ್ಮ್‌ಹೋಲಿನ ಒಂದು ಬಾಯಿ ಬೆಟ್ಟದಲ್ಲಿಯೇ ಇರಲಿ. ಇನ್ನೊಂದು 2030ರಲ್ಲಿ ಮಹಾವೇಗದಲ್ಲಿ ಹೊರಟು 2040ಕ್ಕೆ ಮರಳಲಿ. ಮೇಲಿನ ಉತ್ತರದ ಲೆಕ್ಕದಂತೆ, ಮರಳಿ ಬಂದ ಬಾಯಿಯ ಪಾಲಿಗೆ ಆಗಿನ್ನೂ 2031. ಸುರಂಗದ ಒಳಗಿನಿಂದ ನೋಡಿದರೆ ಎರಡು ಬಾಯಿಗಳ ಗಡಿಯಾರಗಳೂ ಯಾವಾಗಲೂ ಒಂದೇ ಸಮಯವನ್ನು ತೋರಿಸುತ್ತವೆ. ಹಾಗಾಗಿ ಅದನ್ನು ಹೊಕ್ಕ ವಿದ್ಯಾರ್ಥಿನಿ ಮನೆಯ ಬಾಯಿಯಿಂದ 2031ರ ಬೆಟ್ಟಕ್ಕೆ ಹೊರಬರುತ್ತಾಳೆ. 2049ರಲ್ಲಿ ಹೊಕ್ಕವಳು 2040ಕ್ಕೆ ಬಂದು, ಅದೇ ಬಾಯಿಯನ್ನು ಮತ್ತೆ ಹೊಕ್ಕು 2031ನ್ನು ತಲುಪಬಹುದು. ಅದಕ್ಕಿಂತ ಹಿಂದಕ್ಕೆ ಹೋಗಲು ಅವಳಿಗೆ ದಾರಿಯಿಲ್ಲ, ಯಂತ್ರ ಹುಟ್ಟುವುದಕ್ಕೆ ಮೊದಲಿನ ಕಾಲವನ್ನು ಈ ಯಂತ್ರ ಮುಟ್ಟಲಾರದು. ಆದುದರಿಂದ ತಾಳಿಕೋಟೆ ನಿಮ್ಮ ಇತಿಹಾಸ ವಿಭಾಗದ ಕೈಗೆಟುಕುವುದಿಲ್ಲ.

ವರ್ಮ್‌ಹೋಲಿನ ಬಾಯಿ ಮುಚ್ಚದಂತೆ ಹಿಡಿದಿಡುವುದೂ ಸುಲಭವಲ್ಲ. ಸಾಮಾನ್ಯ ದ್ರವ್ಯದ ಗುರುತ್ವ ಬೆಳಕಿನ ಕಿರಣಗಳನ್ನು ಒಂದುಗೂಡಿಸುತ್ತದೆ ಎಂಬುದು ಕೋಲ್ಕತ್ತದ ಭೌತವಿಜ್ಞಾನಿ ಅಮಲ್ ಕುಮಾರ್ ರಾಯ್‌ಚೌಧುರಿ 1955ರಲ್ಲಿ ಪ್ರಕಟಿಸಿದ ಸಮೀಕರಣದಿಂದ ಹೊರಡುವ ಫಲ. ವರ್ಮ್‌ಹೋಲಿನಲ್ಲಿ ಕಿರಣಗಳು ಅಗಲಬೇಕು, ಅದಕ್ಕೆ ಋಣ ಶಕ್ತಿ, ಅಂದರೆ ಸೊನ್ನೆಗಿಂತ ಕಡಿಮೆಯಾದ ಶಕ್ತಿ ಬೇಕು. ಈ ಸಮೀಕರಣ ನಿಮ್ಮ ವಿಶ್ವವಿದ್ಯಾಲಯದ ಪಠ್ಯದಲ್ಲಿ ಇರಲೇಬೇಕೆಂಬುದು ನನ್ನ ಗಟ್ಟಿಯಾದ ಅಭಿಪ್ರಾಯ. ನಮ್ಮ ದೇಶದಲ್ಲಿ ಹುಟ್ಟಿದ ಇಷ್ಟು ದೊಡ್ಡ ಕೆಲಸ ನಮ್ಮ ಕಥೆಗಳಲ್ಲಿ ಕಾಣದಿರುವುದು ನನಗೆ ನೋವಿನ ವಿಷಯ. ಇದಲ್ಲದೆ, ಯಂತ್ರ ಸಿದ್ಧವಾಗುವ ಗಳಿಗೆಯಲ್ಲಿಯೇ ಪ್ರಕೃತಿ ಅದನ್ನು ಕೆಡಿಸಿಬಿಡುತ್ತದೆ ಎಂದು 1992ರಲ್ಲಿ ಹಾಕಿಂಗ್ ಊಹಿಸಿದರು. ಆ ಊಹೆಗೆ ಪೂರ್ಣ ರುಜುವಾತು ಇನ್ನೂ ದೊರೆತಿಲ್ಲ, ಕಾದಂಬರಿಕಾರರಿಗೆ ಅಷ್ಟು ಜಾಗ ಸಾಕು.

ಮೂರನೆಯ ಉತ್ತರ

ಸಾಹಿತ್ಯದ ಕಡೆಯಿಂದ ಒಂದು ಮಾತು. ಭಾಗವತದ ಒಂಬತ್ತನೆಯ ಸ್ಕಂಧದಲ್ಲಿ ಕಕುದ್ಮಿ ರಾಜನು ಮಗಳು ರೇವತಿಗೆ ವರನನ್ನು ಕೇಳಲು ಬ್ರಹ್ಮಲೋಕಕ್ಕೆ ಹೋಗಿ, ಗಾಯನ ಮುಗಿಯುವವರೆಗೆ ಸ್ವಲ್ಪ ಹೊತ್ತು ಕಾಯುತ್ತಾನೆ. ಅಷ್ಟರಲ್ಲಿ ಭೂಮಿಯಲ್ಲಿ 27 ಚತುರ್ಯುಗಗಳು ಕಳೆದು, ಅವನು ಮನಸ್ಸಿನಲ್ಲಿಟ್ಟುಕೊಂಡಿದ್ದ ವರರ ಮಕ್ಕಳು ಮೊಮ್ಮಕ್ಕಳ ಹೆಸರು ಕೂಡ ಉಳಿದಿರುವುದಿಲ್ಲ. ಇದನ್ನು ಸಾಪೇಕ್ಷತಾ ಸಿದ್ಧಾಂತದ ಪೂರ್ವರೂಪವೆಂದು ಹೇಳಿಕೊಳ್ಳುವುದು ಸರಿಯಲ್ಲ, ಅಲ್ಲಿ ಅಳತೆಯೂ ಇಲ್ಲ, ಕಾರಣವೂ ಇಲ್ಲ. ಆದರೆ ಮುಂದಕ್ಕೆ ಹೋದವನು ಏನನ್ನು ಕಳೆದುಕೊಳ್ಳುತ್ತಾನೆ ಎಂಬುದನ್ನು ಅದು ಚೆನ್ನಾಗಿ ಬಲ್ಲದು. ಒಂದು ವರ್ಷದ ಕ್ಷೇತ್ರಕಾರ್ಯ ಮುಗಿಸಿ ಬಂದ ವಿದ್ಯಾರ್ಥಿಯ ತಂದೆತಾಯಿ ಹತ್ತು ವರ್ಷ ಮುದುಕರಾಗಿರುವುದನ್ನು ನಿಮ್ಮ ಕಾದಂಬರಿ ಒಂದು ಅಧ್ಯಾಯದಷ್ಟಾದರೂ ನಿಂತು ನೋಡಬೇಕು.

ಪ್ರಶ್ನೆ ಕೇಳಿದವರಿಂದ

ಎಲ್ಲರಿಗೂ ಕೃತಜ್ಞತೆಗಳು. ತಾಳಿಕೋಟೆಯ ಪ್ರಸಂಗವನ್ನು ಕೈಬಿಡುತ್ತಿದ್ದೇನೆ. ವಿಜಯನಗರವನ್ನು ನೋಡಲೆಂದೇ ಸೇರಿದ ವಿದ್ಯಾರ್ಥಿನಿಗೆ, 2031ಕ್ಕಿಂತ ಹಿಂದೆ ಹೋಗಲಾಗದೆಂಬುದು ಮೊದಲ ಉಪನ್ಯಾಸದಲ್ಲಿಯೇ ತಿಳಿಯುತ್ತದೆ. ಅಲ್ಲಿಂದ ಕಥೆ ಆರಂಭವಾಗಲಿ. ಒಂದು ಸಂದೇಹ ಉಳಿದಿದೆ. ಅವಳು 2031ಕ್ಕೆ ಬಂದು ಏನನ್ನಾದರೂ ಬದಲಿಸಬಹುದೆ?

ಎರಡನೆಯ ಉತ್ತರದವರಿಂದ

ಭೌತವಿಜ್ಞಾನಿ ನೊವಿಕೊವ್ ಅವರ ಸ್ವಸಂಗತತೆಯ ತತ್ತ್ವವನ್ನು ಒಪ್ಪಿದರೆ ಬದಲಿಸಲಾರಳು. ಅವಳು ಅಲ್ಲಿ ಮಾಡುವುದೆಲ್ಲವೂ 2040ರವರು ಈಗಾಗಲೇ ಬಲ್ಲ ಇತಿಹಾಸದ ಭಾಗವೇ ಆಗಿರುತ್ತದೆ. ಹಾಗಾದರೆ 2031ರ ಹಾಜರಿ ಪುಸ್ತಕದಲ್ಲಿ ಅವಳ ಸಹಿ ಅವಳು ಹೊರಡುವ ಮೊದಲೇ ಇರಬೇಕು. ಅದನ್ನು ಅವಳಿಗೆ ಯಾರು, ಯಾವಾಗ ತೋರಿಸುತ್ತಾರೆ ಎಂಬುದನ್ನು ನೀವು ನಿರ್ಧರಿಸಬೇಕು.