ಪದಚರ್ಚೆ: ‘ಕರ್ಟನ್ ಕಾಲ್’ಗೆ ಕನ್ನಡದಲ್ಲಿ ಏನನ್ನೋಣ?

ಎಲ್ಲರಿಗೂ ನಮಸ್ಕಾರ. ರ‍್ಯಾಪರ್ ಎಮಿನೆಮ್ ಬಗ್ಗೆ ಒಂದು ಬರಹ ಅನುವಾದ ಮಾಡುತ್ತಿದ್ದೇನೆ. ರಾತ್ರಿ ಎಂಟಕ್ಕೆ ಕಳಿಸಬೇಕು. 2005ರ ಡಿಸೆಂಬರಿನಲ್ಲಿ ಬಂದ ಅವನ ಹಿಟ್ ಹಾಡುಗಳ ಆಲ್ಬಮ್ಮಿಗೆ ‘ಕರ್ಟನ್ ಕಾಲ್’ ಅಂತ ಹೆಸರು. ಹೆಸರನ್ನು ಹಾಗೇ ಬಿಡುತ್ತೇನೆ, ಆದರೆ ಬರಹ ಪೂರ್ತಿ ಅದರ ಅರ್ಥದ ಮೇಲೇ ನಿಂತಿದೆ. 2002ರಲ್ಲಿ ‘ದಿ ಎಮಿನೆಮ್ ಶೋ’, 2004ರಲ್ಲಿ ‘ಎನ್‌ಕೋರ್’, ಆಮೇಲೆ ಇದು. ಮೊದಲು ಆಟ, ಆಮೇಲೆ ಒನ್ಸ್ ಮೋರ್, ಆಮೇಲೆ? ಸದ್ಯಕ್ಕೆ ‘ತೆರೆ ಬಿತ್ತು’ ಅಂತ ಬರೆದಿದ್ದೇನೆ. ಸರಿಯಾ?

———

ತಪ್ಪು. ತೆರೆ ಬಿದ್ದರೂ ಚಪ್ಪಾಳೆ ನಿಲ್ಲದೆ ನಟರು ಮತ್ತೆ ಬಂದು ಕೈಮುಗಿಯುತ್ತಾರಲ್ಲ, ಅದು ಕರ್ಟನ್ ಕಾಲ್. ಆಗ ಅವನು ಹಾಡೋದು ಬಿಡ್ತಾನೆ ಅಂತ ಸುದ್ದಿ ಇತ್ತು, ನಿಜ. ಆ ವರ್ಷವೇ ನಿದ್ದೆಮಾತ್ರೆಯ ಚಟ ಬಿಡಿಸಿಕೊಳ್ಳಲು ಆಸ್ಪತ್ರೆ ಸೇರಿದ್ದ, ಯುರೋಪ್ ಪ್ರವಾಸ ರದ್ದಾಗಿತ್ತು. ಆದರೆ ಇದೇ ಆಲ್ಬಮ್ಮಿನಲ್ಲಿ ಮೂರು ಹೊಸ ಹಾಡಿದ್ದವು. 2009ರಲ್ಲಿ ‘ರಿಲ್ಯಾಪ್ಸ್’ ಆಲ್ಬಮ್ ಹಿಡಿದು ಬಂದ. 2022ರಲ್ಲಿ ‘ಕರ್ಟನ್ ಕಾಲ್ 2’. ಎರಡು ಸಲ ತೆರೆ ಬೀಳಿಸ್ತೀರಾ?

‘ತೆರೆಕರೆ’ ಅನ್ನಿ. ಕರೆಯುವವರು ನೋಡುಗರು. ಪ್ರಾಸವೂ ಕೂತಿದೆ.

———

> ತೆರೆಕರೆ

ಆದೇಶ ಸಂಧಿ ಎಲ್ಲಿ ಹೋಯ್ತು? ಮಳೆಗಾಲಕ್ಕೊಂದು ನ್ಯಾಯ, ಇದಕ್ಕೊಂದಾ? ‘ತೆರೆಗರೆ’ ಆಗಬೇಕು. ಅಷ್ಟಕ್ಕೂ ‘ಜವನಿಕೆ’ ಇರುವಾಗ ತೆರೆ ಯಾಕೆ?

———

ಜವನಿಕೆ ಸಂಸ್ಕೃತ. ಅದನ್ನು ‘ಯವನಿಕೆ’ ಮಾಡಿ ಯವನರಿಗೆ, ಅಂದ್ರೆ ಗ್ರೀಕರಿಗೆ, ಗಂಟುಹಾಕುವ ಕತೆ ಮತ್ತೆ ಶುರುಮಾಡಬೇಡಿ. ಪರದೆ ಪಾರಸಿ. ತೆರೆ ನಮ್ಮದು, ತಮಿಳಿನ ‘ತಿರೈ’ ಅದರ ಒಡಹುಟ್ಟು. ಕಡಲಿನ ಅಲೆಯೂ ತೆರೆ, ಮುದುಕರ ಕೆನ್ನೆಯ ಸುಕ್ಕೂ ತೆರೆ. ಮಡಿಕೆ ಬಿದ್ದದ್ದೆಲ್ಲ ತೆರೆ ಅನ್ನೋದು ನನ್ನ ಎಣಿಕೆ. ಹಾಗೇ ‘ಆಲ್ಬಮ್’ ಬಿಟ್ಟು ‘ಹಾಡುಗಂತೆ’ ಅನ್ನಿ. ‘ಹಿಟ್’ ಬೇಡವೇ ಬೇಡ, ‘ಗೆದ್ದ ಹಾಡು’ ಸಾಕು.

———

ಹಾಡುಗಂತೆ ಅಂದ್ರೆ ಸಂತೆಯಲ್ಲಿ ಮಾರುವ ಬಟ್ಟೆಗಂಟು ಅಂದುಕೊಳ್ತಾರೆ. ಕಂಪನಿ ನಾಟಕದಲ್ಲಿ ನಮ್ಮ ಅಜ್ಜಂದಿರು ‘ಒನ್ಸ್ ಮೋರ್’ ಅಂತ ಕೂಗಿದಾಗ ಕನ್ನಡ ಸತ್ತುಹೋಯ್ತಾ? ಇಂಗ್ಲಿಷಿನ ‘ಎನ್‌ಕೋರ್’ ಫ್ರೆಂಚಿನ ಮಾಲು. ತಮಾಷೆ ಏನಂದ್ರೆ ಫ್ರೆಂಚರು ಆ ಹೊತ್ತಿಗೆ ಅದನ್ನು ಕೂಗಲ್ಲ, ‘ಬಿಸ್’ ಅಂತಾರೆ. ಅದು ಲ್ಯಾಟಿನ್! ಸಾಲ ಮಾಡದವರು ಯಾರಿದ್ದಾರೆ?

ಇನ್ನು ‘ಕರೆ’ ಅಂದ್ರೆ ಹಾಲು ಕರೆಯೋದೂ ಹೌದು. ಹಳೇ ಹಾಡು ಕೂಡಿಹಾಕಿ ಮತ್ತೆ ಕಾಸು ಕರೆಯೋದು, ಅಷ್ಟರಮಟ್ಟಿಗೆ ತೆರೆಕರೆ ಸರಿಯಾಗೇ ಇದೆ. ಈ ಹಸು ಅಮೆರಿಕದ ವಾರದ ಆಲ್ಬಮ್ ಪಟ್ಟಿ ಬಿಲ್‌ಬೋರ್ಡ್ 200ರಲ್ಲಿ ಒಟ್ಟು 520 ವಾರ ದಾಟಿಯೂ ಹಾಲು ಕೊಟ್ಟಿದೆ. ರ‍್ಯಾಪ್ ಆಲ್ಬಮ್ಮುಗಳಲ್ಲಿ ಅಷ್ಟು ವಾರ ಮುಟ್ಟಿದ್ದು ಇದೇ ಮೊದಲು.

———

ಎಂಟೂವರೆ ಆಯಿತು. ‘ತೆರೆ ಬಿದ್ದ ಮೇಲಿನ ನಮಸ್ಕಾರ’ ಅಂತ ಹಾಕಿ ಕಳಿಸಿಬಿಟ್ಟೆ. ಎಲ್ಲರಿಗೂ ಥ್ಯಾಂಕ್ಸ್.

———

> ನಮಸ್ಕಾರ

ಸಂಸ್ಕೃತ. ‘ಕೈಮುಗಿತ’ ಅನ್ನಬಹುದಿತ್ತು.