ಪದಚರ್ಚೆ: ‘ಓಲ್ಯಾ ನಾರಳಾಚಿ ವಡಿ’ಗೆ ಕನ್ನಡದಲ್ಲಿ ಏನೆನ್ನಬೇಕು?

ಬಾಗಲಕೋಟೆಯ ಅಕ್ಕನವರಿಗೆ ಬೆಳಗಾವಿಯಿಂದ ನಮಸ್ಕಾರ. ತೆಂಗಿನ ತುರಿ, ಸಕ್ಕರೆ ಕಾಯಿಸಿ ಮಾಡುವ ಈ ಸಿಹಿಯ ಮರಾಠಿ ಹೆಸರಿಗೆ ಕನ್ನಡ ಕೇಳಿ, ಪೊಟ್ಟಣದ ಚೀಟಿ ಇಂದು ಸಂಜೆಯೇ ಅಚ್ಚಿಗೆ ಹೋಗಬೇಕೆಂದು ಬರೆದಿದ್ದೀರಿ. ಆದ್ದರಿಂದ ಉತ್ತರ ಮೊದಲು, ಜಗಳ ಆಮೇಲೆ. ‘ಹಸಿ ಕೊಬ್ಬರಿ ವಡಿ’ ಎಂದು ಹಾಕಿಸಿ. ಮೂರು ಪದಗಳಲ್ಲಿ ಒಂದನ್ನೂ ಬಿಡಬೇಡಿ.

‘ಓಲ್ಯಾ ನಾರಳ’ ಎಂಬುದನ್ನು ‘ಒದ್ದೆ ತೆಂಗಿನಕಾಯಿ’ ಎಂದು ಈ ಚರ್ಚೆಯಲ್ಲಿ ಯಾರೋ ಅನುವಾದಿಸಿ ಕೊಟ್ಟಿದ್ದಾರೆ. ಬಟ್ಟೆ ಒದ್ದೆಯಾಗುತ್ತದೆ, ಕಾಯಿ ಹಸಿ ಇರುತ್ತದೆ. ಮರಾಠಿಯ ‘ಓಲಾ’ ಎರಡಕ್ಕೂ ಸಲ್ಲುತ್ತದೆ, ನಮ್ಮ ‘ಒದ್ದೆ’ ಸಲ್ಲದು. ಇನ್ನು ‘ಹಸಿ’ ಏಕೆ ಬೇಕೆಂದರೆ, ತಿಪಟೂರಿನ ಕಡೆಯವರಿಗೆ ಕೊಬ್ಬರಿ ಎಂದರೆ ಒಣಗಿದ್ದೇ. ನಮ್ಮಲ್ಲಿ ಹಸಿಯದೂ ಕೊಬ್ಬರಿ, ಒಣಗಿದ್ದೂ ಕೊಬ್ಬರಿ. ನಿಮ್ಮದೇ ಜಿಲ್ಲೆಯ ಅಮೀನಗಡದ ಕರದಂಟಿಗೆ, ಮನೆಯಲ್ಲಿ ಕಟ್ಟುವ ಅಂಟಿನ ಉಂಡಿಗೆ ಬೀಳುವುದು ಒಣ ಕೊಬ್ಬರಿ. ಅವು ದಿನಗಟ್ಟಲೆ ಕೆಡುವುದಿಲ್ಲ. ಹಸಿಯದರ ಬಾಳಿಕೆ ಅಷ್ಟಿಲ್ಲ. ಬೆಂಗಳೂರಿನಲ್ಲಿ ಪೊಟ್ಟಣ ಕೊಳ್ಳುವವರಿಗೆ ಅದು ಹೆಸರಿನಿಂದಲೇ ತಿಳಿಯಬೇಕು.

‘ತೆಂಗುಬಿಲ್ಲೆ’ ಎಂಬ ಸೂಚನೆಯನ್ನು ನಾನು ಒಪ್ಪುವುದಿಲ್ಲ. ಸೂಚಿಸಿದವರು ಈ ತಿನಿಸು ಆಗುವುದನ್ನು ಒಮ್ಮೆ ನಿಂತು ನೋಡಬೇಕು. ನಮ್ಮ ಅವ್ವ ಈಳಿಗೆಯ ತುದಿಯ ಹಲ್ಲಿಗೆ ಹೋಳನ್ನು ಒತ್ತಿ ತುರಿಯುವಾಗ, ಕಂದು ಸಿಪ್ಪೆ ತಾಕುವ ಮೊದಲೇ ಕೈ ಹೊರಳಿಸುತ್ತಿದ್ದಳು. ಸಿಪ್ಪೆ ಸೇರಿದರೆ ವಡಿಯ ಬಿಳುಪು ಹೋಗುತ್ತದೆ. 2 ವಾಟಿ (ಬಟ್ಟಲು) ತುರಿಗೆ ಒಂದೂವರೆ ವಾಟಿ ಸಕ್ಕರೆ. ಸಣ್ಣ ಉರಿಯಲ್ಲಿ ಕೈ ಬಿಡದೆ ತಿರುವುತ್ತಿದ್ದರೆ ಮೊದಲು ಎಲ್ಲವೂ ನೀರಾಡುತ್ತದೆ, ಬಳಿಕ ಬಿಗಿಯುತ್ತದೆ, ಕೊನೆಗೆ ತಳ ಬಿಟ್ಟು, ಬಾಣಲೆಯ ಅಂಚಿನಲ್ಲಿ ಸಕ್ಕರೆ ಬೆಳ್ಳಗೆ ಒಣಗತೊಡಗುತ್ತದೆ. ಆ ಕ್ಷಣಕ್ಕೆ ಇಳಿಸಿ, ತುಪ್ಪ ಸವರಿದ ತಾಟಿಗೆ ಸುರಿದು, ವಾಟಿಯ ತಳದಿಂದ ತಟ್ಟಿ, ಬೆಚ್ಚಗಿರುವಾಗಲೇ ಗೆರೆ ಕೊಯ್ಯಬೇಕು. ಹರಡಿ ಕೊಯ್ದದ್ದು ವಡಿ, ಕೈಯಲ್ಲಿ ಕಟ್ಟಿದ್ದು ಉಂಡಿ, ಒಳಗೆ ತುಂಬಿದ್ದು ಕಡುಬು ಅಥವಾ ಕರ್ಚಿಕಾಯಿ. ಕಡಲೆ ಹಿಟ್ಟಿನ ಜುಣಕದ ವಡಿಯಲ್ಲಿ ಸಿಹಿಯೇ ಇಲ್ಲ. ಆದರೂ ಅದು ವಡಿ, ಏಕೆಂದರೆ ಅದನ್ನೂ ತಾಟಿಗೆ ತಟ್ಟಿ ಕೊಯ್ಯುತ್ತಾರೆ. ಮಾಡುವ ಬಗೆಯೇ ಹೆಸರಾಗಿರುವಾಗ ದುಂಡನೆಯ ನಾಣ್ಯವನ್ನು ನೆನಪಿಸುವ ‘ಬಿಲ್ಲೆ’ ಇಲ್ಲಿಗೇಕೆ?

‘ವಡಿ ಮರಾಠಿ, ಕನ್ನಡಿಗರು ಮಿಠಾಯಿ ಎನ್ನಬೇಕು’ ಎಂಬ ಮಾತೂ ಬಂದಿದೆ. ಮಿಠಾಯಿ ಹಿಂದಿಯಿಂದ ಬಂದದ್ದು. ಬರ್ಫಿಯ ಬೇರು ಪಾರಸಿಯ ‘ಬರ್ಫ್’, ಅಂದರೆ ಹಿಮ. ವಡಿಯ ಬೇರು ಸಂಸ್ಕೃತದ ‘ವಟಿಕಾ’. ಸಕ್ಕರೆಯೂ ‘ಶರ್ಕರಾ’ದಿಂದಲೇ ಬಂದದ್ದು. ಬಂದ ಪದ ನಮ್ಮ ನಾಲಿಗೆಗೆ ಒಗ್ಗಿದೆಯೇ ಎಂಬುದೊಂದೇ ನಾನು ಕೇಳುವ ಪ್ರಶ್ನೆ. ಸಂಸ್ಕೃತದ ‘ಪೂರಣ’ ಮರಾಠಿಯಲ್ಲಿ ‘ಪುರಣ’ವಾಯಿತು, ನಮ್ಮಲ್ಲಿ ಪಕಾರ ಹಕಾರವಾಗಿ ‘ಹೂರಣ’ವಾಯಿತು. ಹೂರಣವನ್ನು ಇಂದು ಯಾರಾದರೂ ಹೊರಗಿನದೆಂದು ಹೋಳಿಗೆಯಿಂದ ತೆಗೆಯುತ್ತಾರೆಯೇ? ಬೆಳಗಾವಿ, ಬಾಗಲಕೋಟೆ, ವಿಜಯಪುರದ ಮನೆಗಳಲ್ಲಿ ಪ್ರತಿದಿನ ಬಾಯಲ್ಲಿ ಆಡುವ ಪದವನ್ನು ಪರಕೀಯವೆಂದು ತಳ್ಳುವುದು ಮರಾಠಿಗೆ ಮಾಡುವ ಅವಮಾನವಲ್ಲ, ನಮ್ಮ ಸೀಮೆಯ ಕನ್ನಡಕ್ಕೆ ಮಾಡುವ ಅವಮಾನ. ಇದನ್ನು ಸಿಟ್ಟಿನಿಂದಲೇ ಬರೆಯುತ್ತಿದ್ದೇನೆ.

ಕೊಬ್ಬರಿ ‘ಕೊಬ್ಬು’ ಎಂಬುದರಿಂದಲೇ ಬಂತೆಂದು ವಿಜಯಪುರದ ಹಿರಿಯರೊಬ್ಬರು ಬರೆದಿದ್ದಾರೆ. ಕೇಳಲು ಹಿತವಾಗಿದೆ. ಆದರೆ ತೆಲುಗಿನ ಕೊಬ್ಬರಿ, ಮಲಯಾಳದ ಕೊಪ್ಪರ, ಮರಾಠಿಯ ಖೋಬರೆ, ಹಿಂದಿಯ ಖೋಪ್ರಾ ಇವನ್ನೆಲ್ಲ ಎದುರಿಗೆ ಇಟ್ಟುಕೊಳ್ಳದೆ ಒಂದೇ ಕನ್ನಡ ಪದದ ಮೇಲೆ ಕಟ್ಟಿದ ವಾದ ನಿಲ್ಲುವುದಿಲ್ಲ. ಇಂಗ್ಲಿಷಿನ ‘ಕಾಪ್ರಾ’ ಕೂಡ ಮಲಯಾಳದಿಂದ ಪೋರ್ಚುಗೀಸರ ಬಾಯಿಗೆ ಹೋಗಿ, ಅಲ್ಲಿಂದ ಆ ನುಡಿಗೆ ಸೇರಿದ್ದು. ಕಡ ಕೊಟ್ಟವರ ಸಾಲಿನಲ್ಲಿ ದಕ್ಷಿಣದ ನುಡಿಗಳೂ ಇವೆ.

ಅಕ್ಕನವರೇ, ಪದಾರ್ಥಗಳ ಸಾಲಿನಲ್ಲಿ ಮಾತ್ರ ‘ತೆಂಗಿನಕಾಯಿ ತುರಿ’ ಎಂದಿರಲಿ, ಅದು ಎಲ್ಲೆಡೆ ಅರ್ಥವಾಗುತ್ತದೆ. ಕರಡನ್ನು ನೀವೇ ನೋಡಿ. ‘ವಡಿ’ಯನ್ನು ತಪ್ಪೆಂದು ತಿಳಿದು ‘ವಡೆ’ ಎಂದು ತಿದ್ದಿಬಿಡುವವರು ಮುದ್ರಣಾಲಯಗಳಲ್ಲಿ ಇದ್ದಾರೆ.