ಹೊಸ ಫೋನಿನ ಗೇಮ್ ಪ್ರೋಗ್ರೆಸ್ ಹಳೇ ಫೋನಿಗೆ ತರೋದು ಹೇಗೆ? ಗೊತ್ತಿರೋರು ಹೇಳಿ

ಪ್ರಶ್ನೆ, ತುಮಕೂರಿನಿಂದ

ಆಂಡ್ರಾಯ್ಡ್ 14 ಇರೋ ಫೋನು ತಂಗಿಯ ಕಾಲೇಜಿಗೆ ಹೋಗ್ತಿದೆ, ಸೋಮವಾರದೊಳಗೆ ಖಾಲಿ ಮಾಡಿ ಕೊಡಬೇಕು. ನನಗೆ ಉಳಿಯೋದು ಮನೇಲಿರೋ ಹಳೇದು: ಆಂಡ್ರಾಯ್ಡ್ 8.1, 2 ಜಿಬಿ ರ್‍ಯಾಮ್, 16 ಜಿಬಿ ಸ್ಟೋರೇಜ್, ಬೇರೆ ಕಂಪನಿಯದು. ಬೇಕಾಗಿರೋ ಗೇಮ್‌ಗಳು ಕ್ಲಾಷ್ ಆಫ್ ಕ್ಲಾನ್ಸ್, ಮೈನ್‌ಕ್ರಾಫ್ಟ್, ಪಿಪಿಎಸ್‌ಎಸ್‌ಪಿಪಿ ಎಮ್ಯುಲೇಟರ್‌ನಲ್ಲಿ (ಪಿಎಸ್‌ಪಿ ಅನ್ನೋ ಕೈ ಗೇಮ್ ಯಂತ್ರದ ಆಟಗಳನ್ನ ಫೋನಿನಲ್ಲಿ ಆಡಿಸೋ ಆ್ಯಪ್) ಒಂದು ರೇಸಿಂಗ್ ಗೇಮ್, ಆಮೇಲೆ ನೆಟ್ ಇಲ್ಲದೇ ಆಡೋ ಒಂದು ಪಜಲ್. ಗೂಗಲ್ ಬ್ಯಾಕಪ್ ಆನ್ ಇದೆ. ಅಷ್ಟು ಸಾಕಾ?

ಶಿರಾ

ಸಾಲದು. ಹಳೇದರಿಂದ ಹೊಸದಕ್ಕೆ ಹೋಗೋರಿಗೆ ಗೂಗಲ್ ಬ್ಯಾಕಪ್ ಚೆನ್ನಾಗಿ ಕೆಲಸ ಮಾಡುತ್ತೆ. ನೀವು ಹೋಗ್ತಿರೋದು ಉಲ್ಟಾ ದಾರಿ. ಮೇಲಿನ ಆವೃತ್ತಿಯ ಆಂಡ್ರಾಯ್ಡ್‌ನಲ್ಲಿ ತೆಗೆದ ಬ್ಯಾಕಪ್ಪನ್ನು ಕೆಳಗಿನ ಆವೃತ್ತಿಯ ಫೋನಿಗೆ ಇಳಿಸೋಕೆ ಗೂಗಲ್ ಬಿಡೋದಿಲ್ಲ. 14ರದ್ದು 8.1ಕ್ಕೆ ಬರಲ್ಲ, ಅಲ್ಲಿಗೆ ಮುಗೀತು.

ಅದು ಬಂದಿದ್ರೂ ಮುಂದೆ ಬೇರೆ ಅಡ್ಡಿಗಳಿವೆ. ಈ ಆಟೋ ಬ್ಯಾಕಪ್ ಆಂಡ್ರಾಯ್ಡ್ 6ರಿಂದ ಇದೆ, ಆದರೆ ಒಂದು ಆ್ಯಪ್‌ಗೆ 25 ಎಂಬಿ ಮಾತ್ರ. ಸೇವ್, ಅಂದ್ರೆ ನೀವು ಎಲ್ಲಿವರೆಗೆ ಆಡಿದ್ದೀರಿ ಅನ್ನೋ ದಾಖಲೆ, ಅದಕ್ಕಿಂತ ದೊಡ್ಡದಾದ್ರೆ ಬ್ಯಾಕಪ್ ಆಗೋದೇ ಇಲ್ಲ. ಗೇಮ್ ಮಾಡಿದವರು ಬೇಡ ಅಂದ್ರೆ ಆ ಗೇಮ್ ಪೂರ್ತಿ ಹೊರಗೆ. ಹಳೇ ಫೋನಿನಲ್ಲಿ ಕೂತ ಗೇಮ್ ಆವೃತ್ತಿ ಬ್ಯಾಕಪ್‌ನಲ್ಲಿರೋದಕ್ಕಿಂತ ಹಿಂದಿನದಾದ್ರೂ ಸಾಮಾನ್ಯವಾಗಿ ರಿಸ್ಟೋರ್ ನಡೆಯಲ್ಲ.

ಅದಕ್ಕೇ ಪ್ರತಿ ಗೇಮಿಗೂ ಮೊದಲು ನೋಡಬೇಕಾದ್ದು ಅದರ ಸೇವ್ ಎಲ್ಲಿ ಕೂತಿದೆ ಅಂತ. ಕಂಪನಿಯ ಸರ್ವರ್‌ನಲ್ಲಿದ್ರೆ ಫೋನ್ ಯಾವುದಾದ್ರೇನು, ಲಾಗಿನ್ ಸಾಕು. ಗೂಗಲ್‌ನ ಪ್ಲೇ ಗೇಮ್ಸ್ ಕ್ಲೌಡ್‌ನಲ್ಲಿದ್ರೂ ಸುಲಭವೇ. ಫೋನಿನಲ್ಲಿ ನೀವು ಮುಟ್ಟಬಹುದಾದ ಫೋಲ್ಡರ್‌ನಲ್ಲಿದ್ರೆ ಕಾಪಿ ಹೊಡೀಬಹುದು. ಆ್ಯಪ್‌ನ ಒಳಗೋಡೆಯ ಆಚೆ, ಅಂದ್ರೆ ಆ ಆ್ಯಪ್ ಬಿಟ್ಟು ಬೇರೆ ಯಾರೂ ಮುಟ್ಟಲಾಗದ ಜಾಗದಲ್ಲಿ ಇದ್ರೆ ಮಾತ್ರ ಕಷ್ಟ. ನಿಮ್ಮ ಪಟ್ಟಿಯಲ್ಲಿ ಕ್ಲಾಷ್ ಮೊದಲನೇ ಥರದ್ದು, ಮೈನ್‌ಕ್ರಾಫ್ಟ್ ಮತ್ತು ಪಿಪಿಎಸ್‌ಎಸ್‌ಪಿಪಿ ಕಾಪಿ ಹೊಡೆಯೋ ಥರದ್ದು. ಪಜಲ್ ಯಾವ ಥರ ಅನ್ನೋದನ್ನ ಅದರ ಸೆಟ್ಟಿಂಗ್ಸ್ ತೆಗೆದೇ ನೋಡಬೇಕು.

ಇನ್ನೊಂದು, ಸೇವ್ ಬಗ್ಗೆ ತಲೆ ಕೆಡಿಸಿಕೊಳ್ಳೋ ಮೊದಲೇ ಮಾಡೋದು: ಹಳೇ ಫೋನಿನಲ್ಲಿ ಅದೇ ಗೂಗಲ್ ಅಕೌಂಟ್ ಹಾಕಿ, ಆಮೇಲೆ ಕಂಪ್ಯೂಟರ್ ಬ್ರೌಸರ್‌ನಲ್ಲಿ ಪ್ಲೇ ಸ್ಟೋರ್ ತೆಗೆದು ಆಯಾ ಗೇಮಿನ ಪುಟ ನೋಡಿ. ನಿಮ್ಮ ಯಾವ ಫೋನಿಗೆ ಹೊಂದುತ್ತೆ, ಯಾವುದಕ್ಕೆ ಇಲ್ಲ ಅಂತ ಅಲ್ಲೇ ಬರುತ್ತೆ. ಗೇಮೇ ಕೂರದ ಫೋನಿಗೆ ಸೇವ್ ಹೊತ್ಕೊಂಡು ಹೋಗಿ ಏನು ಮಾಡ್ತೀರ? 2 ಜಿಬಿ ರ್‍ಯಾಮಿನ ಎಷ್ಟೋ ಫೋನುಗಳಲ್ಲಿ ಪ್ರೊಸೆಸರ್ 64 ಬಿಟ್ ಆಗಿದ್ರೂ ಹಾಕಿರೋ ಆಂಡ್ರಾಯ್ಡ್ 32 ಬಿಟ್ಟಿನದು. 64 ಬಿಟ್ ಮಾತ್ರ ಕೊಡೋ ಗೇಮ್ ಅಂಥದ್ರಲ್ಲಿ ಕಾಣಿಸೋದೇ ಇಲ್ಲ.

ಕೋಲಾರ, ಅಂತರಗಂಗೆ ರಸ್ತೆ

ಕ್ಲಾಷ್ ವಿಷಯ. ನೀವು ಆಟದಲ್ಲಿ ಕಟ್ಟಿರೋ ಹಳ್ಳಿ ಇರೋದು ಗೇಮ್ ಮಾಡಿದ ಸೂಪರ್‌ಸೆಲ್‌ನವರ ಸರ್ವರ್‌ನಲ್ಲಿ, ಫೋನಿನಲ್ಲಲ್ಲ. ಹೊಸ ಫೋನಿನಲ್ಲಿ ಸೆಟ್ಟಿಂಗ್ಸ್ ತೆಗೆದು ಸೂಪರ್‌ಸೆಲ್ ಐಡಿ ‘ಕನೆಕ್ಟೆಡ್’ ಅಂತ ಇದೆಯಾ ನೋಡಿ. ಇಲ್ಲದಿದ್ರೆ ಇವತ್ತೇ ಇಮೇಲ್ ಕೊಟ್ಟು ಜೋಡಿಸಿ. ಮುಂದೆ ಲಾಗಿನ್ ಅಂದ್ರೆ ಆ ಇಮೇಲ್‌ಗೆ ಬರೋ 6 ಅಂಕಿಯ ಕೋಡ್. ಆದ್ದರಿಂದ ಆ ಇಮೇಲ್ ಈಗಲೂ ತೆಗೆಯೋಕೆ ಬರುತ್ತಾ ಅನ್ನೋದು ಮುಖ್ಯ. ಯಾವತ್ತೋ ಸೈಬರ್ ಸೆಂಟರ್‌ನಲ್ಲಿ ಮಾಡಿಸಿದ, ಪಾಸ್‌ವರ್ಡ್ ನೆನಪಿಲ್ಲದ ಇಮೇಲ್ ಆಗಿದ್ರೆ ಹೊಸ ಫೋನ್ ಕೈಯಲ್ಲಿರುವಾಗಲೇ ಸರಿ ಮಾಡ್ಕೊಳ್ಳಿ.

ಹಳೇ ಫೋನಿನಲ್ಲಿ ಮೊದಲೇ ಬೇರೆ ಹಳ್ಳಿ ಇದ್ದು ಅದು ಯಾವ ಐಡಿಗೂ ಸೇರಿಲ್ಲದಿದ್ರೆ ಅದನ್ನ ಇನ್ನೊಂದು ಇಮೇಲ್‌ಗೆ ಕಟ್ಟಿ, ಆಮೇಲೆ ನಿಮ್ಮದು ತೆರೀರಿ. ಕಟ್ಟದೇ ಬಿಟ್ರೆ ಅದನ್ನ ವಾಪಸ್ ಪಡೆಯೋದು ತಲೆನೋವು.

ಬಿಜಿಎಂಐ, ಫ್ರೀ ಫೈರ್ ಮ್ಯಾಕ್ಸ್ ಆಡೋರಿಗೂ ಇದೇ ಮಾತು. ‘ಗೆಸ್ಟ್’ ಅಂತ ಆಡ್ತಿದ್ರೆ ಆ ಅಕೌಂಟ್ ಆ ಫೋನಿಗೇ ಅಂಟಿಕೊಂಡಿರುತ್ತೆ. ಗೂಗಲ್ಲಿಗೋ ಫೇಸ್‌ಬುಕ್‌ಗೋ ಕಟ್ಟೋವರೆಗೂ ಫೋನ್ ರೀಸೆಟ್ ಮಾಡಬೇಡಿ.

ಈಗ ಜನ ಹೆಚ್ಚು ಕಳ್ಕೊಳ್ಳೋ ಜಾಗ, ಪ್ಲೇ ಗೇಮ್ಸ್ ಕ್ಲೌಡ್ ಸೇವ್. ಹಳೇ ಫೋನಿನಲ್ಲಿ ಗೇಮ್ ಹಾಕಿದ ತಕ್ಷಣ ಲಾಗಿನ್ ಆಗದೇ ಟ್ಯುಟೋರಿಯಲ್ ಆಡಿಬಿಡ್ತಾರೆ. ಅಲ್ಲಿ 2ನೇ ಲೆವೆಲ್‌ನ ಹೊಸ ಸೇವ್ ಹುಟ್ಟುತ್ತೆ, ಅದರ ತಾರೀಖು ಕ್ಲೌಡ್‌ನಲ್ಲಿರೋದಕ್ಕಿಂತ ತಾಜಾ. ಆಮೇಲೆ ಲಾಗಿನ್ ಆದಾಗ ಎರಡರಲ್ಲಿ ಯಾವುದು ಉಳೀಬೇಕು ಅನ್ನೋ ಜಗಳ. ಗೂಗಲ್ ಇದಕ್ಕೆ ಗೇಮ್ ಮಾಡೋರಿಗೆ ಹಲವು ಆಯ್ಕೆ ಕೊಟ್ಟಿದೆ: ಹೆಚ್ಚು ಹೊತ್ತು ಆಡಿದ್ದು, ಇತ್ತೀಚೆಗೆ ಬದಲಾದದ್ದು, ಹೆಚ್ಚು ಮುಂದೆ ಹೋದದ್ದು, ಇಲ್ಲವೇ ಆಡುವವರನ್ನೇ ಕೇಳೋದು. ನಿಮ್ಮ ಗೇಮ್ ‘ಇತ್ತೀಚಿನದು’ ಆರಿಸಿಕೊಂಡಿದ್ರೆ 2ನೇ ಲೆವೆಲ್ ಗೆದ್ದು 300ನೇ ಲೆವೆಲ್ ಅಳಿಸಿಹೋಗುತ್ತೆ, ಕೇಳೋದೂ ಇಲ್ಲ. ಆದ್ದರಿಂದ ಹಳೇ ಫೋನಿನಲ್ಲಿ ಮೊದಲು ಪ್ಲೇ ಗೇಮ್ಸ್ ಆ್ಯಪ್ ಹಾಕಿ ಪ್ರೊಫೈಲ್ ತೆರೀರಿ, ಆಮೇಲೆ ನೆಟ್ ಆನ್ ಇಟ್ಟೇ ಗೇಮ್ ತೆರೀರಿ. ಎರಡು ಸೇವ್ ತೋರಿಸಿ ಕೇಳಿದ್ರೆ ತಾರೀಖು ನೋಡಬೇಡಿ, ಲೆವೆಲ್ ನೋಡಿ ಒತ್ತಿ.

ಶಿಡ್ಲಘಟ್ಟ

ಮೈನ್‌ಕ್ರಾಫ್ಟ್. ಮೈಕ್ರೋಸಾಫ್ಟ್ ಅಕೌಂಟ್‌ನಲ್ಲಿ ಲಾಗಿನ್ ಆದ್ರೆ ಎಲ್ಲಾ ಬರುತ್ತೆ ಅನ್ನೋದು ತಪ್ಪು ನಂಬಿಕೆ. ಮಾರ್ಕೆಟ್‌ಪ್ಲೇಸ್‌ನಲ್ಲಿ ಕೊಂಡ ಸ್ಕಿನ್‌ಗಳು (ಪಾತ್ರದ ವೇಷಗಳು) ಬರ್ತವೆ, ನೀವು ಕಟ್ಟಿದ ಲೋಕ, ಅಂದ್ರೆ ವರ್ಲ್ಡ್, ಬರಲ್ಲ. ವರ್ಲ್ಡ್ ಪಟ್ಟಿಯಲ್ಲಿ ಪಕ್ಕದ ಪೆನ್ಸಿಲ್ ಒತ್ತಿ, ಕೆಳಗಡೆವರೆಗೂ ಸರಿಸಿದ್ರೆ ‘ಎಕ್ಸ್‌ಪೋರ್ಟ್ ವರ್ಲ್ಡ್’ ಇದೆ. ಎಂಸಿವರ್ಲ್ಡ್ ಅನ್ನೋ ಬಾಲದ ಒಂದು ಫೈಲ್ ಸಿಗುತ್ತೆ. ಅದನ್ನ ಡ್ರೈವ್‌ಗೋ ಕಂಪ್ಯೂಟರ್‌ಗೋ ಹಾಕಿ, ಹಳೇ ಫೋನಿನಲ್ಲಿ ಆ ಫೈಲ್ ಮೇಲೆ ಒತ್ತಿ ಮೈನ್‌ಕ್ರಾಫ್ಟ್‌ನಲ್ಲಿ ತೆಗೆದ್ರೆ ವರ್ಲ್ಡ್ ಒಳಗೆ ಬರುತ್ತೆ. ಅದು ಒಳಗೊಳಗೆ ಜಿಪ್ ಫೈಲೇ. ಕಳಿಸುವಾಗ ಬಾಲ ‘ಜಿಪ್’ ಅಂತ ಬದಲಾಗಿದ್ರೆ ಹೆಸರು ತಿದ್ದಿ ಎಂಸಿವರ್ಲ್ಡ್ ಮಾಡಿ, ಸಾಕು.

ಒಂದೇ ವೈಫೈನಲ್ಲಿ ಎರಡೂ ಫೋನಿಟ್ಟು ವರ್ಲ್ಡ್‌ಗೆ ಸೇರಿಕೊಂಡ್ರೆ ಕಾಪಿ ಆಗುತ್ತಾ ಅಂತ ಕೆಲವರು ಕೇಳ್ತಾರೆ. ಆಗಲ್ಲ, ನೀವು ಅಲ್ಲಿ ಅತಿಥಿ ಅಷ್ಟೆ.

ತೊಡಕಿರೋದು ಆವೃತ್ತಿಯಲ್ಲಿ. ಹೊಸ ಮೈನ್‌ಕ್ರಾಫ್ಟ್‌ನಲ್ಲಿ ಒಮ್ಮೆ ತೆಗೆದ ವರ್ಲ್ಡ್ ಹಳೇ ಮೈನ್‌ಕ್ರಾಫ್ಟ್‌ನಲ್ಲಿ ತೆರೆಯಲ್ಲ. ಪ್ಲೇ ಸ್ಟೋರ್ ನಿಮ್ಮ 8.1ಕ್ಕೆ ಈಗಿನ ಆವೃತ್ತಿ ಕೊಟ್ರೆ ಚಿಂತೆಯಿಲ್ಲ. ಕೊಡದಿದ್ರೆ ಹಳೇ ಆವೃತ್ತಿ ಹುಡುಕಿ ಹಾಕೋದರಿಂದ ಪ್ರಯೋಜನ ಇಲ್ಲ. ಆಗ ಎಕ್ಸ್‌ಪೋರ್ಟ್ ಮಾಡಿದ ಫೈಲನ್ನ ಡ್ರೈವ್‌ನಲ್ಲಿ ಭದ್ರವಾಗಿಡಿ. ಮುಂದೆ ಯಾವ ಹೊಸ ಫೋನ್ ಬಂದ್ರೂ ತೆರೆಯುತ್ತೆ. ಮತ್ತೆ, ಗೇಮ್ ಯಾವ ಗೂಗಲ್ ಅಕೌಂಟ್‌ನಲ್ಲಿ ದುಡ್ಡು ಕೊಟ್ಟು ಕೊಂಡಿದ್ದೀರೋ ಅದೇ ಅಕೌಂಟ್ ಹಳೇ ಫೋನಿನಲ್ಲೂ ಇರಬೇಕು.

ತಿಪಟೂರು

ಪಿಪಿಎಸ್‌ಎಸ್‌ಪಿಪಿ ಈ ನಾಲ್ಕರಲ್ಲಿ ಅತ್ಯಂತ ಸುಲಭ. ನೀವು ಆರಿಸಿಟ್ಟ ಫೋಲ್ಡರ್ ಒಳಗೆ ಪಿಎಸ್‌ಪಿ, ಅದರೊಳಗೆ ಸೇವ್‌ಡೇಟಾ. ಅದನ್ನ ಹಾಗೇ ಎತ್ಕೊಂಡು ಹಳೇ ಫೋನಿನ ಅದೇ ಜಾಗದಲ್ಲಿ ಇಡಿ. ಆದರೆ ‘ಸೇವ್ ಸ್ಟೇಟ್’ ನಂಬ್ಕೋಬೇಡಿ. ಅದು ಎಮ್ಯುಲೇಟರ್‌ನ ಮೆಮೊರಿಯ ಫೋಟೋ ಇದ್ದ ಹಾಗೆ, ಹೊಸ ಆವೃತ್ತಿಯಲ್ಲಿ ತೆಗೆದದ್ದು ಹಳೇ ಆವೃತ್ತಿಯಲ್ಲಿ ಕೈಕೊಡುತ್ತೆ. ಹೊಸ ಫೋನಿನಲ್ಲಿ ಕೊನೇ ಸಲ ಆಡುವಾಗ ಗೇಮ್ ಒಳಗಿನ ಮೆನುವಿನಿಂದಲೇ ಸೇವ್ ಮಾಡಿ, ಆಮೇಲೆ ಕಾಪಿ ಮಾಡಿ.

ಸೇವ್‌ಡೇಟಾ ಒಳಗಿನ ಫೋಲ್ಡರ್ ಹೆಸರಿನ ಶುರುವಿನಲ್ಲಿ ನಾಲ್ಕು ಅಕ್ಷರ, ಐದು ಅಂಕಿ ಇರ್ತವೆ. ಅದು ಗೇಮಿನ ಮೂಲ ಡಿಸ್ಕ್‌ನ ನಂಬರ್. ಅಮೆರಿಕದ ಡಿಸ್ಕ್‌ನ ಸೇವ್ ಯೂರೋಪ್ ಡಿಸ್ಕ್‌ನ ಗೇಮಿಗೆ ಸಾಮಾನ್ಯವಾಗಿ ಕಾಣಿಸಲ್ಲ, ಆದ್ದರಿಂದ ಗೇಮ್ ಫೈಲೂ ಅದೇ ಇರಲಿ. ಒಂದು ಡಿಸ್ಕ್ 1.8 ಜಿಬಿವರೆಗೂ ಇರಬಹುದು. 16 ಜಿಬಿ ಫೋನಿನಲ್ಲಿ ಸಿಸ್ಟಮ್ ಕಳೆದು ಉಳಿಯೋದೇ ಕಡಿಮೆ, ಹಾಗಾಗಿ ಗೇಮ್ ಫೈಲನ್ನ ಸಿಎಸ್‌ಒ ಅನ್ನೋ ಚಿಕ್ಕ ರೂಪಕ್ಕೆ ಕುಗ್ಗಿಸಿ ಮೆಮೊರಿ ಕಾರ್ಡ್‌ಗೆ ಹಾಕಿ.

ಚಿಂತಾಮಣಿ

ಪಜಲ್ ಬಗ್ಗೆ. ಸೆಟ್ಟಿಂಗ್ಸ್‌ನಲ್ಲಿ ಮೋಡದ ಚಿಹ್ನೆ, ಫೇಸ್‌ಬುಕ್ ಅಥವಾ ಪ್ಲೇ ಗೇಮ್ಸ್ ಬಟನ್ ಇದ್ರೆ ಕೋಲಾರದವರು ಹೇಳಿದ ದಾರಿ. ಏನೂ ಇಲ್ಲದಿದ್ರೆ ಹೊಸ ಫೋನನ್ನ ಕೇಬಲ್‌ನಿಂದ ಕಂಪ್ಯೂಟರ್‌ಗೆ ಹಾಕಿ, ‘ಫೈಲ್ ಟ್ರಾನ್ಸ್‌ಫರ್’ ಆರಿಸಿ, ಆಂಡ್ರಾಯ್ಡ್ ಫೋಲ್ಡರ್, ಅದರೊಳಗಿನ ಡೇಟಾ, ಅದರೊಳಗೆ ಗೇಮಿನ ಹೆಸರಿನ ಫೋಲ್ಡರ್ ನೋಡಿ. ಆಂಡ್ರಾಯ್ಡ್ 11ರಿಂದ ಫೋನಿನೊಳಗಿನ ಫೈಲ್ ಮ್ಯಾನೇಜರ್‌ಗಳಿಗೆ ಆ ಜಾಗ ಮುಚ್ಚಿದೆ. ಕಂಪ್ಯೂಟರ್‌ನಿಂದ ನೋಡಿದ್ರೆ ಹಲವು ಫೋನುಗಳಲ್ಲಿ ಇನ್ನೂ ತೆರೆಯುತ್ತೆ. 8.1ರಲ್ಲಿ ಈ ತಡೆ ಇಲ್ಲ, ಹಾಗಾಗಿ ಹಳೇ ಫೋನಿಗೆ ಹಾಕೋದು ಸಲೀಸು. ಈ ಒಂದು ವಿಷಯದಲ್ಲಿ ಹಳೇ ಫೋನೇ ವಾಸಿ!

ಹಾಕುವಾಗ ಕ್ರಮ ತಪ್ಪಬಾರದು. ಹಳೇ ಫೋನಿನಲ್ಲಿ ಗೇಮ್ ಇನ್‌ಸ್ಟಾಲ್ ಮಾಡಿ ಒಂದು ಸಲ ತೆಗೆದು ಮುಚ್ಚಿ, ಫೋಲ್ಡರ್ ಹುಟ್ಟುತ್ತೆ. ಆ್ಯಪ್ ಮಾಹಿತಿಗೆ ಹೋಗಿ ‘ಫೋರ್ಸ್ ಸ್ಟಾಪ್’ ಕೊಡಿ. ಈಗ ಒಳಗಿನ ‘ಫೈಲ್ಸ್’ ಫೋಲ್ಡರ್ ಮೇಲೆ ನಿಮ್ಮದನ್ನ ಹಾಕಿ. ಮೊದಲ ಸಲ ಏರೋಪ್ಲೇನ್ ಮೋಡ್‌ನಲ್ಲೇ ತೆರೆದು ಲೆವೆಲ್ ಬಂದಿದೆಯಾ ನೋಡಿ.

ಬರದಿದ್ರೆ ಕಾರಣ ಹೆಚ್ಚಾಗಿ ಇದು: ಯೂನಿಟಿ ಅನ್ನೋ ಗೇಮ್ ತಯಾರಿಸೋ ಸಾಫ್ಟ್‌ವೇರ್‌ನಲ್ಲಿ ಮಾಡಿದ ಚಿಕ್ಕ ಗೇಮ್‌ಗಳು ಲೆವೆಲ್ ಸಂಖ್ಯೆಯನ್ನ ‘ಪ್ಲೇಯರ್ ಪ್ರೆಫ್ಸ್’ ಅನ್ನೋ ಕಡತದಲ್ಲಿಡ್ತವೆ, ಅದಿರೋದು ಆ್ಯಪ್‌ನ ಒಳಗೋಡೆಯ ಆಚೆ. ಕೇಬಲ್‌ಗೂ ಸಿಗಲ್ಲ. ಎಡಿಬಿ ಬ್ಯಾಕಪ್ (ಕಂಪ್ಯೂಟರ್‌ನಿಂದ ಆದೇಶ ಕೊಟ್ಟು ತೆಗೆಯೋ ಬ್ಯಾಕಪ್) ಹೇಳೋರಿದ್ದಾರೆ, ಆದರೆ ಆಂಡ್ರಾಯ್ಡ್ 12 ಅಥವಾ ಅದರ ಮೇಲಿನದನ್ನ ಗುರಿಯಾಗಿಟ್ಟು ತಯಾರಾದ ಆ್ಯಪ್‌ಗಳ ಡೇಟಾ ಅದರಲ್ಲಿ ಬರೋದೇ ಇಲ್ಲ. ಆ್ಯಪ್ ಹಂಚೋ ಸಾಧನಗಳು, ಅಂದ್ರೆ 2020ರಲ್ಲಿ ನಿಷೇಧ ಆದ ಶೇರ್‌ಇಟ್, ಕ್ಸೆಂಡರ್ ಇದ್ದವಲ್ಲ, ಈಗಿನ ಕ್ವಿಕ್ ಶೇರ್ ಥರದ್ದೂ ಸೇರಿ, ಕಳಿಸೋದು ಬರೀ ಆ್ಯಪ್. ನಿಮ್ಮ ಲೆವೆಲ್ ಅದರ ಜೊತೆ ಹೋಗಲ್ಲ.

ಜಾಹೀರಾತು ತೆಗೆಸೋಕೆ ದುಡ್ಡು ಕೊಟ್ಟಿದ್ರೆ ಅದು ವ್ಯರ್ಥ ಆಗಲ್ಲ, ಅದೇ ಅಕೌಂಟ್‌ನಲ್ಲಿ ‘ರಿಸ್ಟೋರ್ ಪರ್ಚೇಸ್’ ಒತ್ತಿ. ಕೊಂಡ ನಾಣ್ಯಗಳು ಮಾತ್ರ, ಸೇವ್ ಬರದಿದ್ರೆ, ಅದರ ಜೊತೆಗೇ ಕಳೆದುಹೋಗ್ತವೆ.

ಪ್ರಶ್ನೆ ಕೇಳಿದವರು

ಪಜಲ್‌ನಲ್ಲಿ ಮೋಡದ ಚಿಹ್ನೆ ಇಲ್ಲ. ಬಿ.ಎಚ್. ರಸ್ತೆಯ ಒಂದು ಅಂಗಡಿಯಲ್ಲಿ ಹೊಸ ಫೋನ್ ರೂಟ್ ಮಾಡಿ (ಬೀಗ ಮುರಿದು ಎಲ್ಲ ಫೈಲ್ ಮುಟ್ಟೋ ಹಾಗೆ ಮಾಡಿ) ಸೇವ್ ತೆಗೆದುಕೊಡ್ತೀವಿ ಅಂದ್ರು. ಮಾಡಿಸ್ಲಾ? ಇನ್ನೊಂದು, ಹಳೇ ಫೋನಿನಲ್ಲಿ ಗೂಗಲ್ ಲಾಗಿನ್ ಮಾಡೋಕೆ ಹೋದ್ರೆ ನೆಟ್‌ವರ್ಕ್ ಎರರ್, ವೈಫೈ ಏನೋ ಇದೆ.

ಚಿಂತಾಮಣಿ

ಬೇಡ. ರೂಟ್ ಮಾಡಬೇಕಾದ್ರೆ ಮೊದಲು ಬೂಟ್‌ಲೋಡರ್ (ಫೋನ್ ಶುರುವಾಗುವಾಗ ಮೊದಲು ಓಡೋ ಪ್ರೋಗ್ರಾಂ) ಅನ್‌ಲಾಕ್ ಮಾಡಬೇಕು, ಅನ್‌ಲಾಕ್ ಮಾಡಿದ ಕ್ಷಣ ಫೋನಿನ ಎಲ್ಲ ಡೇಟಾ ಅಳಿಸಿಹೋಗುತ್ತೆ. ಯಾವ ಸೇವ್ ತೆಗೆಯೋಕೆ ಹೊರಟ್ರೋ ಅದೇ ಮೊದಲು ಹೋಗೋದು. ಮೊದಲಿನಿಂದಲೇ ರೂಟ್ ಆಗಿರೋ ಫೋನಾದ್ರೆ ಮಾತು ಬೇರೆ, ಆಗ ನಿಯೋ ಬ್ಯಾಕಪ್ ಥರದ ಆ್ಯಪ್ ಕೆಲಸ ಮಾಡುತ್ತೆ. ಅಲ್ಲಿಯೂ ಫೋನಿನ ಕೀಸ್ಟೋರ್, ಅಂದ್ರೆ ಆ ಫೋನ್ ಬಿಟ್ಟು ಹೊರಬರದ ಕೀಲಿಯಿಂದ ಬೀಗ ಹಾಕಿದ ಸೇವ್ ಬೇರೆ ಫೋನಿನಲ್ಲಿ ಬಿಚ್ಚಲ್ಲ. ಅಲ್ಲದೆ ತಂಗಿ ಆ ಫೋನಿನಲ್ಲಿ ಯುಪಿಐ ಬಳಸಬೇಕಲ್ಲ, ರೂಟ್ ಕಂಡ್ರೆ ಎಷ್ಟೋ ಬ್ಯಾಂಕ್ ಆ್ಯಪ್‌ಗಳು ತೆರೆಯೋದಿಲ್ಲ.

ಎರಡೂ ಫೋನ್ ಒಂದೇ ಕಂಪನಿಯದಾಗಿದ್ರೆ ಸ್ಮಾರ್ಟ್ ಸ್ವಿಚ್, ಮಿ ಮೂವರ್, ಕ್ಲೋನ್ ಫೋನ್ ಅಂತ ಅವರದೇ ಆ್ಯಪ್ ನೋಡಿ ಅಂತಿದ್ದೆ. ಅವು ಸಿಸ್ಟಮ್ ಆ್ಯಪ್‌ಗಳು, ಒಳಗೋಡೆ ದಾಟೋ ಅನುಮತಿ ಅವಕ್ಕಿದೆ. ನಿಮ್ಮದು ಬೇರೆ ಬೇರೆ ಕಂಪನಿ, ಮೇಲೆ ಹೇಳಿದ ಕೇಬಲ್ ದಾರಿಯಲ್ಲೂ ಬರದಿದ್ರೆ ಪಜಲ್ ಆಸೆ ಬಿಡಿ. ಮತ್ತೆ ಮೊದಲ ಲೆವೆಲ್‌ನಿಂದ ಆಡಿ, ಈ ಸಲ ಬೇಗ ಮುಗಿಯುತ್ತೆ.

ಶಿರಾ

ನೆಟ್‌ವರ್ಕ್ ಎರರ್‌ಗೆ ಮೊದಲು ತಾರೀಖು ನೋಡಿ. ಬಹಳ ದಿನ ಚಾರ್ಜ್ ಇಲ್ಲದೇ ಬಿದ್ದಿದ್ದ ಫೋನ್ ಎದ್ದಾಗ ಯಾವುದೋ ಹಳೇ ವರ್ಷ ತೋರಿಸುತ್ತೆ. ವೆಬ್‌ಸೈಟ್‌ಗಳ ಭದ್ರತಾ ಪ್ರಮಾಣಪತ್ರಕ್ಕೆ ಆರಂಭ, ಅಂತ್ಯದ ದಿನ ಇರುತ್ತೆ. ಫೋನಿನ ಲೆಕ್ಕದಲ್ಲಿ ಆ ಪತ್ರ ಇನ್ನೂ ಹುಟ್ಟೇ ಇಲ್ಲ, ಅದಕ್ಕೇ ಸಂಪರ್ಕ ಬೇಡ ಅನ್ನುತ್ತೆ. ‘ಆಟೋಮ್ಯಾಟಿಕ್ ಡೇಟ್ ಆ್ಯಂಡ್ ಟೈಮ್’ ಆನ್ ಮಾಡಿ, ಸಿಮ್ ಇಲ್ಲದಿದ್ರೆ ಕೈಯಾರೆ ಹಾಕಿ. ಲಾಗಿನ್ ಪುಟ ಬಿಳಿಯಾಗಿ ನಿಂತ್ರೆ ವೆಬ್‌ವ್ಯೂ (ಆ್ಯಪ್ ಒಳಗೆ ವೆಬ್ ಪುಟ ತೋರಿಸೋ ಭಾಗ) ಮತ್ತು ಕ್ರೋಮ್ ಅಪ್‌ಡೇಟ್ ಮಾಡಿ. ಪ್ಲೇ ಸ್ಟೋರ್, ಪ್ಲೇ ಸರ್ವಿಸಸ್ ತಾವೇ ಅಪ್‌ಡೇಟ್ ಆಗೋವರೆಗೂ ವೈಫೈನಲ್ಲಿ ಚಾರ್ಜ್‌ಗೆ ಹಾಕಿ ಬಿಟ್ಟುಬಿಡಿ. ಆ ಹೊತ್ತಿನಲ್ಲಿ ಗೇಮ್ ಹಾಕೋಕೆ ಹೋದ್ರೆ ‘ಪೆಂಡಿಂಗ್’ ಅಂತಲೇ ನಿಲ್ಲುತ್ತೆ. ಹಿಂಬದಿ ಮುಚ್ಚಳ ಉಬ್ಬಿದೆಯಾ ಅಂತಲೂ ನೋಡಿ. ಉಬ್ಬಿದ್ರೆ ಚಾರ್ಜ್‌ಗೇ ಹಾಕಬೇಡಿ, ಮೊದಲು ಬ್ಯಾಟರಿ ಬದಲಿಸಿ.

ಬಂಗಾರಪೇಟೆ

ಐಫೋನ್‌ನವರು ಇದನ್ನ ಓದ್ತಿದ್ರೆ: ಅಲ್ಲೂ ಹೊಸ ಐಒಎಸ್‌ನ ಐಕ್ಲೌಡ್ ಬ್ಯಾಕಪ್ ಹಳೇ ಐಒಎಸ್‌ಗೆ ಇಳಿಯಲ್ಲ. 6ಎಸ್, 7 ಎರಡೂ ಐಒಎಸ್ 15ಕ್ಕೇ ನಿಂತಿವೆ. ಅನುಕೂಲ ಒಂದಿದೆ, ಮೊದಲೇ ತಗೊಂಡಿದ್ದ ಆ್ಯಪ್ ಆದ್ರೆ ಹಳೇ ಫೋನಿಗೆ ಹೊಂದುವ ಕೊನೇ ಆವೃತ್ತಿ ಇದ್ದಲ್ಲಿ ಅದನ್ನ ಇಳಿಸ್ಲಾ ಅಂತ ಆ್ಯಪ್ ಸ್ಟೋರೇ ಕೇಳುತ್ತೆ. ಆದರೆ ಆನ್‌ಲೈನ್ ಗೇಮ್‌ಗಳ ಹಳೇ ಆವೃತ್ತಿ ‘ಅಪ್‌ಡೇಟ್ ಮಾಡಿ’ ಅಂತಲೇ ನಿಲ್ಲೋದು ಹೆಚ್ಚು.

ಕೋಲಾರ, ಅಂತರಗಂಗೆ ರಸ್ತೆ

ತಂಗಿಗೆ ಕೊಡೋ ಮೊದಲು ಇನ್ನೆರಡು ಮಾತು. ಗೂಗಲ್‌ನ ಎರಡು ಹಂತದ ಪರಿಶೀಲನೆ ಆನ್ ಇದ್ರೆ, ಹಳೇ ಫೋನಿನಲ್ಲಿ ಲಾಗಿನ್ ಆಗುವಾಗ ‘ನೀವೇನಾ?’ ಅನ್ನೋ ಪ್ರಶ್ನೆ ಬರೋದು ಹೊಸ ಫೋನಿಗೆ. ಅದನ್ನ ಮೊದಲೇ ರೀಸೆಟ್ ಮಾಡಿದ್ರೆ ಉತ್ತರ ಕೊಡೋರೇ ಇರಲ್ಲ. ಅಕೌಂಟ್ ಸೆಟ್ಟಿಂಗ್ಸ್‌ನಲ್ಲಿ ಬ್ಯಾಕಪ್ ಕೋಡ್ ಸಿಗ್ತವೆ, ಒಂದು ಸಲಕ್ಕೆ 10, ಪ್ರತಿಯೊಂದೂ 8 ಅಂಕಿ. ಕಾಗದದಲ್ಲಿ ಬರೆದಿಟ್ಕೊಳ್ಳಿ.

ಹಳೇ ಫೋನಿನಲ್ಲಿ ಕ್ಲಾಷ್ ಹಳ್ಳಿ ತೆರೆದು, ಮೈನ್‌ಕ್ರಾಫ್ಟ್ ವರ್ಲ್ಡ್ ಒಳಗೆ ಓಡಾಡಿ, ರೇಸಿಂಗ್ ಸೇವ್ ಲೋಡ್ ಆದಮೇಲೆ ಮಾತ್ರ ಹೊಸದರಿಂದ ಗೂಗಲ್ ಅಕೌಂಟ್ ತೆಗೆದುಹಾಕಿ, ಆಮೇಲೆ ಸೆಟ್ಟಿಂಗ್ಸ್‌ನಿಂದ ಫ್ಯಾಕ್ಟರಿ ರೀಸೆಟ್. ಅಕೌಂಟ್ ತೆಗೆದುಹಾಕದೇ ಬಟನ್ ಒತ್ತಿ ರಿಕವರಿ ಮೆನುವಿನಿಂದ ರೀಸೆಟ್ ಮಾಡಿದ್ರೆ, ತಂಗಿ ಬೆಂಗಳೂರಿನಲ್ಲಿ ಫೋನ್ ಆನ್ ಮಾಡಿದಾಗ ಅದು ನಿಮ್ಮ ಪಾಸ್‌ವರ್ಡ್ ಕೇಳುತ್ತೆ.